ಯಾರ ಮನೆತನ? ಯಾರ ಮರ್ಯಾದೆ?

ಸ್ವಲ್ಪ ಉದ್ದ ಐತಿ, ಆದ್ರೂ ಪೂರ್ತಿ ಓದ್ರಿ.

ಈಗ ಎಲ್ಲರ ಮೊಬೈಲಿನಲ್ಲೂ ಕ್ರೈಮ್ ಸೀರೀಸುಗಳದ್ದೇ ಹಾವಳಿ. ಕತೆ ಒಂದೇ ನಮೂನಿ. ದೊಡ್ಡ ಮನೆ, ಗೋಡೆ ಮೇಲೆ ಅಜ್ಜನ ಫೋಟೋ, ಊರಲ್ಲೆಲ್ಲ ಹೆಸರು. ಒಳಗೆ ಕೊಲೆ, ಅತ್ಯಾಚಾರ. ಕೊನೇ ಕಂತಿನಲ್ಲಿ ಗುಟ್ಟು ರಟ್ಟಾಗ್ತದೆ. ನೋಡಿದವರು "ಅಯ್ಯೋ, ಇಂಥಾ ಮನೆತನದಾಗೂ ಹಿಂಗಾ!" ಅಂತ ಬಾಯಿ ಮೇಲೆ ಕೈ ಇಟ್ಕೋತಾರೆ.

ನನ್ನ ತಕರಾರು ಇರೋದು ಆ "ಇಂಥಾ ಮನೆತನದಾಗೂ" ಅನ್ನೋ ಮಾತಿನ ಮೇಲೆ. ನಮ್ಮ ಕೇರಿಯ ಯಾವ ಅವ್ವನೂ ಹಂಗ ಬೆರಗಾಗಂಗಿಲ್ಲ. ಯಾಕಂದ್ರೆ ನಮ್ಮವರು ಆ ಮನೆಗಳನ್ನು ತಲೆಬಾಗಿಲಿನಿಂದ ನೋಡಿದವರಲ್ಲ, ಹಿತ್ತಲ ಬಾಗಿಲಿನಿಂದ ನೋಡಿದವರು. ಮುಸುರೆ ತಿಕ್ಕಿದವರು, ದನದ ಕೊಟ್ಟಿಗೆ ಬಳಿದವರು, ಬಟ್ಟೆ ಒಗೆದವರು. ಯಾವ ಮನೆಯ ಯಾವ ಬಟ್ಟೆ ಮೇಲೆ ಯಾವ ಕಲೆ ಐತಿ ಅಂತ ಒಗೆಯೋರಿಗೆ ಗೊತ್ತಿರ್ತದೆ. ದೊಡ್ಡ ಮನೆಯ ಅಪರಾಧ ಗುಟ್ಟಾಗಿ ಇರೋದಿಲ್ಲ. ಗೊತ್ತಿದ್ದವರ ಬಾಯಿ ಮುಚ್ಚಿಸಿರ್ತಾರೆ, ಅಷ್ಟೇ. ಆ ಬಾಯಿ ಮುಚ್ಚಿಸೋ ವ್ಯವಸ್ಥೆಗೆ ಊರವರು ಇಟ್ಟ ಹೆಸರು ಮರ್ಯಾದೆ.

ಸೀರೀಸು ಬಿಡ್ರಿ, ನಮ್ಮ ರಾಜ್ಯದ್ದೇ ಪ್ರಕರಣ ತಗೊಳ್ರಿ. ಹಾಸನದ ಪ್ರಜ್ವಲ್ ರೇವಣ್ಣ. ಅಜ್ಜ ದೇಶದ ಮಾಜಿ ಪ್ರಧಾನಿ, ಚಿಕ್ಕಪ್ಪ ಮಾಜಿ ಮುಖ್ಯಮಂತ್ರಿ, ಅಪ್ಪ ಮಾಜಿ ಮಂತ್ರಿ, ತಾನು ಮಾಜಿ ಸಂಸದ. ಕರ್ನಾಟಕದಲ್ಲಿ ಇದಕ್ಕಿಂತ ದೊಡ್ಡ ಮನೆತನ ಯಾವುದು ತೋರಿಸ್ರಿ. 2025ರ ಆಗಸ್ಟ್ 1ರಂದು ಬೆಂಗಳೂರಿನ ಜನಪ್ರತಿನಿಧಿಗಳ ವಿಶೇಷ ನ್ಯಾಯಾಲಯ ಆತ ಅತ್ಯಾಚಾರದ ಅಪರಾಧಿ ಅಂತ ತೀರ್ಪು ಕೊಟ್ಟಿತು. ಮರುದಿನ ನ್ಯಾಯಾಧೀಶ ಸಂತೋಷ್ ಗಜಾನನ ಭಟ್ ಅವರು ಜೀವ ಇರೋ ತನಕ ಜೈಲು ಅಂತ ಶಿಕ್ಷೆ ವಿಧಿಸಿದರು. ಮೇಲ್ಮನವಿ ಹಾಕಿಕೊಂಡು ಶಿಕ್ಷೆ ಅಮಾನತಿನಲ್ಲಿಡಿ ಅಂತ ಕೇಳಿದರೆ, 2025ರ ಡಿಸೆಂಬರಿನಲ್ಲಿ ಹೈಕೋರ್ಟು ಒಪ್ಪಲಿಲ್ಲ.

ಸಾಕ್ಷಿ ಹೇಳಿದ್ದು ಯಾರು? ಅದೇ ಕುಟುಂಬದ ತೋಟದ ಮನೆಯಲ್ಲಿ ಕೆಲಸಕ್ಕಿದ್ದ ಒಬ್ಬ ಹೆಣ್ಣುಮಗಳು. ಆಕೆ ಜಾತಿ ಯಾವುದು, ಊರು ಯಾವುದು ಅಂತ ಇಲ್ಲಿ ಕಮೆಂಟಿನಲ್ಲಿ ಯಾರೂ ಕೇಳಬ್ಯಾಡ್ರಿ. ಗುರುತು ಬಯಲು ಮಾಡೋದು ಅಪರಾಧ, ಗೊತ್ತಿರಲಿ. ನನಗೆ ಬೇಕಾದ್ದು ಇಷ್ಟೇ: ಆಕೆ ಆ ಮನೆಯ ಕೂಲಿ ತಿಂದವಳು, ಆ ಮನೆಯವರು ಅನ್ನದ ಹಂಗಿನಲ್ಲಿ ಇಟ್ಟುಕೊಂಡವಳು. ನಮ್ಮ ಕೇರಿಯ ಮುಕ್ಕಾಲು ಹೆಣ್ಣುಮಕ್ಕಳು ಇದೇ ಹಂಗಿನಲ್ಲಿ ದುಡೀತಾರೆ. ಅದಕ್ಕೇ ಈ ಪ್ರಕರಣ ನಮ್ಮದು.

ಈಗ ಆ ಗುಟ್ಟು ಎಷ್ಟು ಗುಟ್ಟಾಗಿತ್ತು ನೋಡ್ರಿ. 2023ರ ಜೂನ್‌ನಲ್ಲೇ ತನ್ನ ಬಗ್ಗೆ ಏನೂ ಪ್ರಸಾರ ಮಾಡಬಾರದು ಅಂತ ಪ್ರಜ್ವಲ್ ಹತ್ತಾರು ಮಾಧ್ಯಮಗಳ ವಿರುದ್ಧ ತಡೆಯಾಜ್ಞೆ ತಂದಿದ್ದ. 2023ರ ಡಿಸೆಂಬರಿನಲ್ಲಿ ಹೊಳೆನರಸೀಪುರದ ಬಿಜೆಪಿ ಮುಖಂಡರೊಬ್ಬರು ಪೆನ್‌ಡ್ರೈವ್ ವಿಷಯ ತಮ್ಮ ರಾಜ್ಯಾಧ್ಯಕ್ಷರಿಗೆ ಪತ್ರ ಬರೆದು ತಿಳಿಸಿದ್ದಾಗಿ ತಾವೇ ಹೇಳಿಕೊಂಡರು. ಆದರೂ ಜೆಡಿಎಸ್ ಟಿಕೆಟ್ ಕೊಟ್ಟಿತು, ಬಿಜೆಪಿ ಮೈತ್ರಿ ಅಂತ ಕೈ ಹಿಡೀತು. 2024ರ ಏಪ್ರಿಲ್ 26ರಂದು ಹಾಸನದಲ್ಲಿ ಮತದಾನ. ಅದಕ್ಕೆ ನಾಕೈದು ದಿನ ಮುಂಚೆ ಊರೂರಿನ ಬಸ್‌ಸ್ಟ್ಯಾಂಡು, ಪಾರ್ಕುಗಳಲ್ಲಿ ಪೆನ್‌ಡ್ರೈವ್ ಬಿದ್ದಿದ್ದವು. ಮತದಾನ ಮುಗಿಯುತ್ತಲೇ ಆತ ರಾಜತಾಂತ್ರಿಕ ಪಾಸ್‌ಪೋರ್ಟ್ ಹಿಡಿದು ಜರ್ಮನಿಗೆ ಹಾರಿದ. ಎಣಿಕೆ ಆದಾಗ 42,649 ಮತಗಳಿಂದ ಸೋತ, ನಿಜ. ಆದ್ರೆ ಬಿದ್ದ ಮತ ಎಷ್ಟು? 6 ಲಕ್ಷ 30 ಸಾವಿರಕ್ಕೂ ಮೇಲೆ. ಇವರೆಲ್ಲ ಕೆಟ್ಟವರು ಅಂತ ನಾನು ಹೇಳಂಗಿಲ್ಲ. ಮನೆತನ ಅನ್ನೋ ಮಾತಿನ ತೂಕ ಎಷ್ಟು ಅಂತ ತೋರಿಸೋಕೆ ಹೇಳಿದೆ.

ಆಮೇಲೆ ನಡೆದದ್ದು ನೆನಪು ಮಾಡ್ಕೊಳ್ರಿ. ಆ ಹೆಣ್ಣುಮಗಳೇ ಕಾಣೆಯಾದಳು. ಮಗ ಪೊಲೀಸರಿಗೆ ದೂರು ಕೊಟ್ಟ. ಆಕೆ ಸಿಕ್ಕಿದ್ದು ಹುಣಸೂರು ತಾಲೂಕಿನ ಒಂದು ತೋಟದ ಮನೆಯಲ್ಲಿ. ಅಪಹರಣದ ಆರೋಪದ ಮೇಲೆ 2024ರ ಮೇ 4ರಂದು ಶಾಸಕ ಎಚ್.ಡಿ. ರೇವಣ್ಣ ಅವರನ್ನು ಎಸ್‌ಐಟಿ ಬಂಧಿಸಿತು, ಹತ್ತು ದಿನದಲ್ಲಿ ಜಾಮೀನಿನ ಮೇಲೆ ಹೊರಗೆ ಬಂದರು. ತಾಯಿ ಭವಾನಿ ರೇವಣ್ಣ ಅವರಿಗೆ ಹೈಕೋರ್ಟಿನಿಂದ ನಿರೀಕ್ಷಣಾ ಜಾಮೀನು ಸಿಕ್ಕಿತು. ಇಬ್ಬರೂ ಆರೋಪ ಅಲ್ಲಗಳೆದಿದ್ದಾರೆ, ತೀರ್ಮಾನ ಕೋರ್ಟಿಗೆ ಬಿಟ್ಟದ್ದು. ನಾನು ಕೇಳೋದು ಬೇರೆ. ಒಬ್ಬ ಮನೆಗೆಲಸದ ಹೆಣ್ಣುಮಗಳ ಬಾಯಿಗೆ ಇಡೀ ರಾಜ್ಯದ ರಾಜಕಾರಣ ಯಾಕೆ ಅಷ್ಟು ನಡುಗಿತು? ಆ ಮನೆಯಲ್ಲಿ ಎಲ್ಲ ಇತ್ತು: ಅಧಿಕಾರ, ಜಮೀನು, ವಕೀಲರು, ಪಕ್ಷ. ಇಲ್ಲದಿದ್ದದ್ದು ಒಂದೇ, ಕಂಡದ್ದು ಕಂಡಂಗೆ ಹೇಳೋ ಬಾಯಿ. ಅದು ಇದ್ದದ್ದು ಆಕೆ ಹತ್ತಿರ ಮಾತ್ರ.

ಮೇ 23ರಂದು ಅಜ್ಜ ದೇವೇಗೌಡರು ಮೊಮ್ಮಗನಿಗೆ ಬಹಿರಂಗ ಪತ್ರ ಬರೆದರು. ಪ್ರಕರಣ ಬಯಲಾಗಿ ಆಗಲೇ ನಾಲ್ಕು ವಾರ. ವಾಪಸ್ ಬಂದು ಕಾನೂನಿಗೆ ಶರಣಾಗು, ಇಲ್ಲಾಂದ್ರೆ ನನ್ನ ಮತ್ತು ಕುಟುಂಬದವರ ಸಿಟ್ಟು ಎದುರಿಸಬೇಕಾಗ್ತದೆ ಅನ್ನೋದು ಅದರ ತಾತ್ಪರ್ಯ. ದೇಶವೆಲ್ಲ ಮೆಚ್ಚಿತು. ನನಗೆ ಮಾತ್ರ ಅದನ್ನು ಓದಿ ನೆತ್ತಿಗೇರಿತು. ಕಾನೂನಿಗಿಂತ ದೊಡ್ಡ ಬೆದರಿಕೆ ಕುಟುಂಬದ ಸಿಟ್ಟು ಅಂತ ಒಬ್ಬ ಮಾಜಿ ಪ್ರಧಾನಿಗೇ ಅನಿಸಿದ್ರೆ, ಆ ತೋಟದ ಮನೆಯಲ್ಲಿ ಕಸ ಹೊಡೆಯೋ ಹೆಣ್ಣುಮಗಳಿಗೆ ಆ ಕುಟುಂಬ ಏನಾಗಿ ಕಂಡಿರಬೇಕು? ಅವಳ ಪಾಲಿಗೆ ಅದೇ ಪೊಲೀಸು, ಅದೇ ಕೋರ್ಟು, ಅದೇ ಸರ್ಕಾರ.

ಇನ್ನೊಂದು ಮಾತು, ಇದನ್ನಂತೂ ನಮ್ಮ ಹುಡುಗರು ಮರೀಬಾರದು. ಶಿಕ್ಷೆ ಪ್ರಮಾಣದ ವಿಚಾರಣೆ ದಿನ ಪ್ರಜ್ವಲ್ ಕೋರ್ಟಿನಲ್ಲಿ ಅತ್ತ. ಏನಂದ ಗೊತ್ತೇನು? ತಾನು ಮೆಕ್ಯಾನಿಕಲ್ ಇಂಜಿನಿಯರಿಂಗ್ ಓದಿದವನು, ಯಾವಾಗಲೂ ಮೆರಿಟ್‌ನಲ್ಲೇ ಪಾಸಾದವನು, ರಾಜಕೀಯದಲ್ಲಿ ಬೇಗ ಬೆಳೆದದ್ದೇ ತನ್ನ ತಪ್ಪು ಅಂದ. ಮೆರಿಟ್! ಮೀಸಲಾತಿ ಅಂದ ಕೂಡಲೇ ನಮ್ಮ ಮುಖದ ಮೇಲೆ ಬಿಸಾಡೋ ಆ ಶಬ್ದ ಇಲ್ಲಿ ಎಲ್ಲಿ ಬಂದು ಕೂತಿತು ನೋಡ್ರಿ. ಅಜ್ಜನ ಹೆಸರಿನಲ್ಲಿ ಟಿಕೆಟ್ಟು, ಅಜ್ಜ ಬಿಟ್ಟುಕೊಟ್ಟ ಕ್ಷೇತ್ರ, ಇಪ್ಪತ್ತೆಂಟಕ್ಕೇ ಲೋಕಸಭೆ, ಆದ್ರೂ ಮೆರಿಟ್ಟು. ಈಗ ಪರಪ್ಪನ ಅಗ್ರಹಾರ ಜೈಲಿನ ಗ್ರಂಥಾಲಯದಲ್ಲಿ ಆತನಿಗೆ ಗುಮಾಸ್ತನ ಕೆಲಸ ಕೊಟ್ಟಿದ್ದಾರೆ ಅಂತ ಪತ್ರಿಕೆಗಳಲ್ಲಿ ಬಂತು. ನಾನೂ ಗುಮಾಸ್ತನೇ. ಈ ಕುರ್ಚಿಗೆ ಬರೋಕೆ ನಾನು ಪರೀಕ್ಷೆ ಬರೆದೆ. ಬಂದ ಮೇಲೂ "ಕೋಟಾದಾಗ ಬಂದವ" ಅನ್ನಿಸಿಕೊಂಡೆ.

ಈಗ ಸೀರೆ ವಿಷಯಕ್ಕೆ ಬರ್ತೀನಿ. ತೀರ್ಪು ನಿಂತದ್ದು ಆಕೆಯ ಮಾತಿನ ಮೇಲೆ, ಜೊತೆಗೆ ಆಕೆಯ ಒಂದು ಹಳೇ ಸೀರೆ ಮೇಲೆ. ಆ ಸೀರೆ ತೋಟದ ಮನೆಯಲ್ಲೇ ಉಳಿದಿತ್ತು. ಎಸ್‌ಐಟಿಯವರು ಹುಡುಕಿ ತೆಗೆದು ಪ್ರಯೋಗಾಲಯಕ್ಕೆ ಕಳಿಸಿದರು, ಡಿಎನ್‌ಎ ತಾಳೆಯಾಯ್ತು. ಯೋಚನೆ ಮಾಡ್ರಿ. ಫೋನು, ವಿಡಿಯೋ, ಪಾಸ್‌ಪೋರ್ಟು, ತಡೆಯಾಜ್ಞೆ ಎಲ್ಲದರ ಕಡೆಗೂ ಗಮನ ಹೋಗಿತ್ತು. ಮೂಲೆಯಲ್ಲಿ ಬಿದ್ದ ಕೆಲಸದಾಕೆಯ ಸೀರೆ ಕಡೆಗೆ ಮಾತ್ರ ಯಾರ ಕಣ್ಣೂ ಹೋಗಲಿಲ್ಲ. ಸೀರೆ ಕಣ್ಣಿಗೆ ಬೀಳಬೇಕಾದ್ರೆ ಅದನ್ನು ಉಟ್ಟವಳು ಮನುಷ್ಯಳಾಗಿ ಕಣ್ಣಿಗೆ ಬಿದ್ದಿರಬೇಕಲ್ಲ? ನಮ್ಮನ್ನು ಕಾಣದಂತೆ ಬದುಕೋ ಅಭ್ಯಾಸವೇ ಅವರಿಗೆ ಮುಳುವಾಯ್ತು ಅಂತ ನನಗನಿಸ್ತದೆ.

ಇದು ಹಾಸನದ್ದೋ ಒಂದು ಜಾತಿಯದ್ದೋ ಕತೆ ಅಂತ ತಿಳ್ಕೋಬ್ಯಾಡ್ರಿ. ಅಮೆರಿಕದ ಸೌತ್ ಕೆರೊಲಿನಾದಲ್ಲಿ ಮರ್ಡಾಕ್ ಅಂತ ಒಂದು ಮನೆತನ. 1920ರಿಂದ 2006ರ ತನಕ ಮೂರು ತಲೆಮಾರು ಆ ಭಾಗದ ಸರ್ಕಾರಿ ವಕೀಲರ ಮುಖ್ಯಸ್ಥರು ಅವರೇ. ಅದೇ ಮನೆಯ ಅಲೆಕ್ಸ್ ಮರ್ಡಾಕ್ ಹೆಂಡತಿಯನ್ನೂ ಮಗನನ್ನೂ ಕೊಂದ ಅಂತ 2023ರ ಮಾರ್ಚಿನಲ್ಲಿ ಜ್ಯೂರಿ ತೀರ್ಪು ಕೊಟ್ಟಿತು. ಅದರ ಮೇಲೆ ಸೀರೀಸು, ಸಾಕ್ಷ್ಯಚಿತ್ರ, ಪಾಡ್‌ಕಾಸ್ಟು ಲೆಕ್ಕವಿಲ್ಲದಷ್ಟು ಬಂದವು. ಆದ್ರೆ ಆ ಮನೆಯಲ್ಲಿ ವರ್ಷಗಟ್ಟಲೆ ಕೆಲಸ ಮಾಡಿದ ಹೆಂಗಸೊಬ್ಬಳು ಅಲ್ಲೇ ಬಿದ್ದು 2018ರಲ್ಲಿ ತೀರಿಕೊಂಡಳು. ಆಕೆಯ ಮಕ್ಕಳಿಗೆ ಸೇರಬೇಕಾದ 40 ಲಕ್ಷ ಡಾಲರಿಗೂ ಹೆಚ್ಚು ವಿಮೆ ಹಣವನ್ನು, ನಿಮ್ಮ ಪರ ಕೊಡಿಸ್ತೀನಿ ಅಂತ ನಂಬಿಸಿ ಆತ ನುಂಗಿದ. ಕೋರ್ಟಿನಲ್ಲಿ ತಾನೇ ಒಪ್ಪಿಕೊಂಡ. ಸೀರೀಸಿನಲ್ಲಿ ಆಕೆಗೆ ಎಷ್ಟು ಜಾಗ? ಒಂದು ಕಂತು, ಹೆಚ್ಚಂದ್ರೆ. ಉಳಿದದ್ದೆಲ್ಲ ಆ ಬಂಗಲೆ, ಆ ದೋಣಿ, ಆ ಬೇಟೆನಾಯಿಗಳು. ದೊಡ್ಡ ಮನೆ ಕೆಟ್ಟಾಗಲೂ ಕತೆಯ ನಾಯಕ ದೊಡ್ಡ ಮನೆಯವನೇ.

ನಮ್ಮ ಕಡೆ ಬರ್ತೀನಿ. ಬಂಕಾಪುರದ ಪಕ್ಕದ ಬಾಡ ಕನಕದಾಸರ ಊರು. ಜಯಂತಿ ದಿನ ಹಾರ ಹಾಕೋಕೆ ನಾ ಮುಂದೆ ತಾ ಮುಂದೆ. ಕುಲ ಕೇಳಿ ಬಡಿದಾಡಬ್ಯಾಡ್ರಿ ಅಂದ ಮನುಷ್ಯನಿಗೆ ಹಾರ ಹಾಕಿದ ಕೈಯೇ ಸಂಜೆಗೆ ರಾಜಿ ಪಂಚಾಯ್ತಿ ಮಾಡ್ತದೆ. ನಮ್ಮ ಸುತ್ತಿನ ಒಂದು ಹಳ್ಳಿ, ಹೆಸರು ಬ್ಯಾಡ. ದೊಡ್ಡ ಮನೆಯ ಹುಡುಗ, ಅಲ್ಲೇ ಕೆಲಸಕ್ಕೆ ಹೋಗ್ತಿದ್ದ ನಮ್ಮ ಹುಡುಗಿ. ಠಾಣೆಗೆ ಹೋಗೋ ಮೊದಲೇ ಹಿರಿಯರು ಓಣಿಗೆ ಬಂದರು.

"ತಂಗೀ, ಆದದ್ದು ಆತು. ಆ ಮನಿತನದ ಹೆಸರ ಕೆಡಸಬ್ಯಾಡ. ಏನ್ ಬೇಕೋ ಕೇಳು, ಕೊಡಸ್ತೀವಿ."

ಹುಡುಗಿಯ ಅವ್ವ ಬಾಗಿಲಿಗೆ ಬಂದು ಒಂದೇ ಮಾತು ಕೇಳಿದಳು: "ನಮ್ದು ಮನಿತನ ಅಲ್ಲೇನ್ರೀ ಯಪ್ಪಾ?"

ಯಾರೂ ಉತ್ತರ ಕೊಡಲಿಲ್ಲ. ಈ ಇಡೀ ಬರಹದಲ್ಲಿ ನಾನು ಹೇಳಬೇಕೆಂದಿರೋದನ್ನು ಆ ತಾಯಿ ನಾಕು ಶಬ್ದದಲ್ಲಿ ಹೇಳಿ ಮುಗಿಸಿದ್ದಳು. ಅವರಿಗೆ ಮನೆತನ, ನಮಗೆ ಬರೇ ಗುಡಿಸಲು. ಅವರ ಮಗಳು ನಮ್ಮ ಕೇರಿಯ ಹುಡುಗನ್ನ ಮೆಚ್ಚಿ ಮದುವೆಯಾದ್ರೆ ಮರ್ಯಾದೆ ಹೋಯ್ತು ಅಂತ ಮಚ್ಚು ಹಿಡೀತಾರೆ. ಅವರ ಮಗ ನಮ್ಮ ಹುಡುಗಿ ಮೈಮೇಲೆ ಬಿದ್ದರೆ ಆ ಮರ್ಯಾದೆಗೆ ಗಾಢ ನಿದ್ದೆ. ಅದು ಏಳೋದು ಹುಡುಗಿ ಠಾಣೆ ಮೆಟ್ಟಿಲು ಹತ್ತಿದಾಗಲೇ.

ನಾಚಿಕೆ ಯಾರಿಗೆ ಆಗಬೇಕು ಅನ್ನೋದೂ ತಿರುಗಾಮುರುಗಾ ಆಗಿದೆ. ನಮ್ಮ ಪಕ್ಕದ ಸವಣೂರಿನಲ್ಲಿ 2010ರ ಜುಲೈನಲ್ಲಿ ಏನಾಯ್ತು ನೆನಪೈತಲ್ಲ? ತಲೆಮಾರಿನಿಂದ ಊರಿನ ಮಲ ಹೊತ್ತ ಭಂಗಿ ಸಮುದಾಯದವರನ್ನು ಇದ್ದ ಜಾಗದಿಂದ ಎಬ್ಬಿಸೋಕೆ ಹೊರಟಾಗ, ಅವರು ಪುರಸಭೆ ಎದುರು ಮಲವನ್ನೇ ಮೈಮೇಲೆ ಸುರಿದುಕೊಂಡರು. ಆ ಹೊಲಸು ಅವರದಲ್ಲ, ಊರಿನದು. ಆದ್ರೆ ಮೂಗು ಮುಚ್ಚಿಕೊಂಡವರು ಅವರನ್ನು ನೋಡಿ ಮುಚ್ಚಿಕೊಂಡರು. ಹಾಸನದಲ್ಲೂ ಅದೇ ಆಯ್ತು. ಹೊಲಸು ಮಾಡಿದವನು ವಿಮಾನ ಹತ್ತಿದ. ವಿಡಿಯೋದಲ್ಲಿ ಮುಖ ಕಂಡ ಹೆಣ್ಣುಮಕ್ಕಳು ಮನೆ ಬಾಗಿಲು ಹಾಕಿಕೊಂಡರು, ಎಷ್ಟೋ ಜನ ಊರು ಬಿಟ್ಟರು.

ಇಲ್ಲಿ ನಮ್ಮ ವಲಯದ ಕೆಲವರಿಗೂ ಎರಡು ಮಾತು ಹೇಳಬೇಕು, ಸಿಟ್ಟಾದ್ರೂ ಪರವಾಗಿಲ್ಲ. ಆ ವಿಡಿಯೋಗಳನ್ನು "ಸಾಕ್ಷಿ" ಅಂತ ಗ್ರೂಪುಗಳಿಗೆ ಹಾಕಿದವರಲ್ಲಿ ನೀಲಿ ಶಾಲಿನವರೂ ಇದ್ದರು. ಸಾಕ್ಷಿ ಆಗಿದ್ರೆ ಎಸ್‌ಐಟಿಗೆ ಕೊಡಬೇಕಿತ್ತು. ಗ್ರೂಪಿಗೆ ಹಾಕಿದ್ದು ನೋಡೋ ಚಟಕ್ಕೆ. ಪೆನ್‌ಡ್ರೈವ್ ಹಂಚಿದವರೂ ಅಪರಾಧಿಗಳೇ, ಆ ಹೆಣ್ಣುಮಕ್ಕಳನ್ನು ಎರಡನೇ ಸಲ ಬೀದಿಗೆ ಎಳೆದವರು ಅವರು. ಆದ್ರೆ ಹಂಚಿದವನ ಹೆಸರು ಹಿಡಿದು ಮಾಡಿದವನನ್ನು ಮರೆಸೋ ಆಟಕ್ಕೂ ನಾವು ಬೀಳಬಾರದು. ಎರಡೂ ಅಪರಾಧ, ಎರಡಕ್ಕೂ ಬೇರೆ ಬೇರೆ ಶಿಕ್ಷೆ. 2024ರ ಮೇ 30ರಂದು ಹಾಸನಕ್ಕೆ ರಾಜ್ಯದ ಮೂಲೆಮೂಲೆಯಿಂದ ಜನ ನಡೆದರಲ್ಲ, ಅವರು ಹಿಡಿದ ದಾರಿ ಸರಿಯಾದದ್ದು. ಸಂತ್ರಸ್ತೆಯರ ಜೊತೆ ನಾವಿದ್ದೀವಿ ಅಂತ ಬೀದಿಯಲ್ಲಿ ನಿಂತು ಹೇಳಿದರು. ಮರುದಿನ ನಸುಕಿನಲ್ಲಿ ಆತ ವಿಮಾನ ಇಳಿದು ಸಿಕ್ಕಿಬಿದ್ದ.

ಈಗ ಗಟ್ಟಿಯಾದ ಪ್ರಶ್ನೆ. ಈ ಕೇಸು ಹದಿನೈದು ತಿಂಗಳಲ್ಲಿ ಮುಗೀತು. ಹೆಂಗೆ? ವಿಶೇಷ ತನಿಖಾ ತಂಡ, ವಿಶೇಷ ನ್ಯಾಯಾಲಯ, ವಿಶೇಷ ಅಭಿಯೋಜಕರು, ಇಡೀ ದೇಶದ ಕಣ್ಣು. ಮರಕುಂಬಿ ನೋಡ್ರಿ. 2014ರ ಆಗಸ್ಟಿನಲ್ಲಿ ಗಂಗಾವತಿ ತಾಲೂಕಿನ ಆ ಊರಲ್ಲಿ ದಲಿತರ ಗುಡಿಸಲಿಗೆ ಬೆಂಕಿ ಬಿತ್ತು. 98 ಜನರಿಗೆ ಜೀವಾವಧಿ ಶಿಕ್ಷೆ ಆದದ್ದು 2024ರ ಅಕ್ಟೋಬರಿನಲ್ಲಿ, ಹತ್ತು ವರ್ಷ ಕಾದ ಮೇಲೆ. ಕಂಬಾಲಪಲ್ಲಿ ನೋಡ್ರಿ. 2000ದ ಮಾರ್ಚ್ 11ರಂದು ಏಳು ಜನ ದಲಿತರನ್ನು ಜೀವಂತ ಸುಟ್ಟರು. ಸಾಕ್ಷಿಗಳು ಒಬ್ಬೊಬ್ಬರಾಗಿ ತಿರುಗಿಬಿದ್ದರು. 2006ರಲ್ಲಿ ಎಲ್ಲ ಆರೋಪಿಗಳ ಖುಲಾಸೆ, 2014ರಲ್ಲಿ ಹೈಕೋರ್ಟೂ ಅದನ್ನೇ ಎತ್ತಿಹಿಡಿಯಿತು. ಏಳು ಹೆಣ ಇವೆ, ಕೊಂದವರು ಯಾರೂ ಇಲ್ಲ. ಸಾಕ್ಷಿಗಳು ಸುಳ್ಳರಲ್ಲ. ಅದೇ ಊರಲ್ಲಿ, ಅದೇ ಹೊಲದಲ್ಲಿ, ಅದೇ ಜನರ ಹತ್ತಿರ ನಾಳೆ ಕೂಲಿ ಕೇಳಬೇಕಾದವನ ನಾಲಿಗೆಗೆ ಯಾರು ಕಾವಲು ಕೊಟ್ಟಿದ್ದರು?

ಅಪರಾಧಿ ಸಂಸದನಾದ್ರೆ ಎಸ್‌ಐಟಿ, ಊರ ಗೌಡನಾದ್ರೆ ರಾಜಿ ಪಂಚಾಯ್ತಿ. ಹಾಸನದ ತೀರ್ಪಿಗೆ ಪಟಾಕಿ ಹೊಡೆದು ಸುಮ್ಮನಾದ್ರೆ ಈ ಲೆಕ್ಕ ಬದಲಾಗಂಗಿಲ್ಲ. ಅದಕ್ಕೆ ಕೆಲಸ ಹೇಳ್ತೀನಿ, ಬರಕೊಳ್ರಿ.

1. ಅತ್ಯಾಚಾರ ರಾಜಿಯಾಗೋ ಪ್ರಕರಣ ಅಲ್ಲ. ಯಾವ ಹಿರಿಯರಿಗೂ, ಯಾವ ಪಂಚಾಯ್ತಿಗೂ ಅದನ್ನು ಮುಗಿಸೋ ಅಧಿಕಾರ ಇಲ್ಲ. ರಾಜಿಗೆ ಬಂದವರ ಹೆಸರು, ದಿನ, ಹೊತ್ತು, ಆಡಿದ ಮಾತು ಬರೆದಿಡ್ರಿ. ಬೆದರಿಸಿದ್ರೆ ಅದೇ ಇನ್ನೊಂದು ದೂರು.

2. ಸಂತ್ರಸ್ತೆ ನಮ್ಮ ಸಮುದಾಯದವಳಾಗಿದ್ರೆ ಅಟ್ರಾಸಿಟಿ ಕಾಯ್ದೆ ಕಲಂ ಹಾಕಿಸಲೇಬೇಕು. "ಅವಳ ಜಾತಿ ನನಗೆ ಗೊತ್ತಿರಲಿಲ್ಲ" ಅಂತ ಮನೆಯಲ್ಲಿ ಕೆಲಸಕ್ಕಿಟ್ಟುಕೊಂಡವನು ಸುಲಭಕ್ಕೆ ಹೇಳಂಗಿಲ್ಲ. ಪರಿಚಯ ಇದ್ದವನಿಗೆ ಜಾತಿ ಗೊತ್ತಿತ್ತು ಅಂತಲೇ ಕಲಂ 8 ಭಾವಿಸ್ತದೆ, ಅಲ್ಲ ಅಂತ ಸಾಬೀತು ಮಾಡೋ ಹೊರೆ ಅವನದು. "ಅವಳು ಕೂಗಲಿಲ್ಲ, ಒದರಲಿಲ್ಲ" ಅನ್ನೋ ವಾದಕ್ಕೂ ಉತ್ತರ ಐತಿ: ಮೈಯಿಂದ ಪ್ರತಿಭಟಿಸಲಿಲ್ಲ ಅನ್ನೋದೊಂದೇ ಒಪ್ಪಿಗೆ ಆಗಂಗಿಲ್ಲ ಅಂತ ಕಲಂ 3ರಲ್ಲೇ ಬರೆದಿದೆ.

3. ಕಲಂ 15ಎ ಓದ್ರಿ, ಓದಿಸ್ರಿ. 2016ರ ಜನವರಿಯಿಂದ ಜಾರಿಯಲ್ಲಿದೆ. ಸಂತ್ರಸ್ತರಿಗೆ, ಸಾಕ್ಷಿಗಳಿಗೆ ರಕ್ಷಣೆ ಕೊಡೋದು ಸರ್ಕಾರದ ಕರ್ತವ್ಯ, ಉಪಕಾರ ಅಲ್ಲ. ಆರೋಪಿ ಜಾಮೀನು ಕೇಳಿದಾಗ ಸಂತ್ರಸ್ತರ ಮಾತು ಕೇಳಲೇಬೇಕು. ಕಂಬಾಲಪಲ್ಲಿಯಲ್ಲಿ ಇಲ್ಲದಿದ್ದದ್ದು ಇದೇ. ಕರ್ತವ್ಯ ಮರೆತ ಅಧಿಕಾರಿಗೆ ಕಲಂ 4 ಐತಿ.

4. ಮನೆಗೆಲಸದವರಿಗೆ ಆ ಮನೆಯೇ ಕೆಲಸದ ಸ್ಥಳ. 2013ರ ಲೈಂಗಿಕ ಕಿರುಕುಳ ತಡೆ ಕಾಯ್ದೆ ಅವರಿಗೂ ಅನ್ವಯಿಸ್ತದೆ. ಪ್ರತಿ ಜಿಲ್ಲೆಯಲ್ಲೂ ಸ್ಥಳೀಯ ಸಮಿತಿ ಇರಬೇಕು. ಮನೆಗೆಲಸದಾಕೆಯ ದೂರಿನಲ್ಲಿ ಮೇಲ್ನೋಟಕ್ಕೆ ಹುರುಳಿದ್ರೆ ಅದನ್ನು ಏಳು ದಿನದೊಳಗೆ ಪೊಲೀಸರಿಗೆ ಕಳಿಸಬೇಕು. ನಿಮ್ಮ ಜಿಲ್ಲೆಯ ಸಮಿತಿಯ ಅಧ್ಯಕ್ಷರು ಯಾರು, ಫೋನ್ ನಂಬರ್ ಏನು, ವರ್ಷಕ್ಕೆ ಎಷ್ಟು ದೂರು ಬಂದವು? ಹತ್ತು ರೂಪಾಯಿ ಮಾಹಿತಿ ಹಕ್ಕು ಅರ್ಜಿ ಸಾಕು. ಅರ್ಜಿ ನಮೂನೆ ಬೇಕಾದವರು ಇನ್‌ಬಾಕ್ಸಿಗೆ ಬರ್ರಿ, ನಾನೇ ಟೈಪ್ ಮಾಡಿ ಕೊಡ್ತೀನಿ. ನನ್ನ ಕೆಲಸವೇ ಅದು.

"ಇವರು ಪರಿಹಾರದ ದುಡ್ಡಿಗೆ ಕೇಸು ಹಾಕ್ತಾರೆ" ಅನ್ನೋರು ಇದರ ಕೆಳಗೂ ಬರ್ತಾರೆ, ಗೊತ್ತು. ಅವರಿಗೆ ಒಂದೇ ಪ್ರಶ್ನೆ. ಕತ್ತಲಲ್ಲಿ ಲಕ್ಷ ಎಣಿಸಿಕೊಟ್ಟು ಬಾಯಿ ಮುಚ್ಚಿಸಿದ್ರೆ ಅದು ಹಿರೀಕತನ, ಸರ್ಕಾರ ಕಾನೂನು ಪ್ರಕಾರ ಚೆಕ್ಕು ಕೊಟ್ಟರೆ ಅದು ದುರಾಸೆ, ಇದು ಯಾವ ಊರಿನ ನ್ಯಾಯ?

ಬಾಬಾಸಾಹೇಬರು ನಮಗೆ ಮನೆತನ ಕೊಡಲಿಲ್ಲ, ಸಂವಿಧಾನ ಕೊಟ್ಟರು. ತೋಟದ ಮನೆಯ ಆ ಹೆಣ್ಣುಮಗಳು ಮೂರು ತಲೆಮಾರಿನ ಹೆಸರಿನ ಎದುರು ನಿಂತದ್ದು ಅದೇ ಬಲದಿಂದ. ನಿಮ್ಮ ಓಣಿಯಿಂದ ದೊಡ್ಡ ಮನೆಗಳಿಗೆ ಕೆಲಸಕ್ಕೆ ಹೋಗೋ ಹೆಣ್ಣುಮಕ್ಕಳು ಎಷ್ಟು ಜನ ಇದ್ದಾರೆ, ಈ ಭಾನುವಾರ ಕೂತು ಪಟ್ಟಿ ಮಾಡ್ರಿ. ಅವರಿಗೆ ಈ ನಾಕು ವಿಷಯ ಬಾಯಿಪಾಠ ಆಗೋ ತನಕ ಹೇಳ್ರಿ. ಪೋಸ್ಟು ಶೇರ್ ಮಾಡೋದು ಆಮೇಲೆ.

ಜೈಭೀಮ್.